ಪದವಿ ಇಳಿದ ಮೇಲಿನ ಕಾಯಕ



ಇಂದಿನ ಅನುಭಾವದ ವಿಷಯ ಅಧಿಕಾರ. ಖುರ್ಚಿಯ ಮೇಲೆ ಕೂತವರ ಸುದ್ದಿಯನ್ನು ನಾವು ದಿನಾ ಕಟ್ಟೆಯ ಮೇಲೆ ಮಾತಾಡುತ್ತೇವೆ. ಖುರ್ಚಿಯಿಂದ ಇಳಿದವರ ಮಾತು ಯಾರಿಗೂ ಬೇಡ. ಆದರೆ ಮನುಷ್ಯನ ತೂಕ ಗೊತ್ತಾಗುವುದು ಅವನು ಇಳಿಯುವಾಗ, ಇಳಿದು ಮನೆಗೆ ಬಂದ ಮೇಲೆ.

ಈ ಮಾತನ್ನು ಆಡಲು ನಾರಾಯಣಪುರ ತಕ್ಕ ಜಾಗ. ನಮ್ಮೂರ ಅಣೆಕಟ್ಟಿನ ಹೆಸರು ಬಸವಸಾಗರ. ಇಲ್ಲಿ ತಡೆದ ಕೃಷ್ಣೆಯ ಹಿನ್ನೀರು ಕೂಡಲಸಂಗಮದವರೆಗೆ ಹೋಗುತ್ತದೆ. ಅಲ್ಲಿ ಬಸವಣ್ಣನವರ ಐಕ್ಯಸ್ಥಳ ಮುಳುಗಬಾರದೆಂದು ಸುತ್ತ ಎತ್ತರದ ಗೋಡೆ ಕಟ್ಟಿ ಕಾಪಾಡಿದ್ದಾರೆ. ಆ ಬಸವಣ್ಣನವರು 12ನೆಯ ಶತಮಾನದಲ್ಲಿ ಕಲ್ಯಾಣದ ದೊರೆ ಬಿಜ್ಜಳನ ಬಳಿ ಭಂಡಾರದ ಹೊಣೆ ಹೊತ್ತವರು, ಮಂತ್ರಿಯಾದವರು. ರಾಜ್ಯದ ಹಣ ಕೈಯಲ್ಲಿ ಹರಿದಾಡುತ್ತಿದ್ದರೂ ಅದು ತಮ್ಮದೆಂದು ತಿಳಿಯಲಿಲ್ಲ. ಮಡಿವಾಳನಿಗೆ ಬಟ್ಟೆ ಒಗೆಯುವುದು ಹೇಗೆ ಕಾಯಕವೋ, ಅವರಿಗೆ ಮಂತ್ರಿ ಪದವಿಯೂ ಹಾಗೆಯೇ ಕಾಯಕ. ಬಿಡುವ ಹೊತ್ತು ಬಂದಾಗ ಕಲ್ಯಾಣವನ್ನು ಬಿಟ್ಟು ಸಂಗಮದ ದಾರಿ ಹಿಡಿದರು.

ಅದೇ ಕೃಷ್ಣೆಯ ಸೀಮೆಯಿಂದ, ಜಮಖಂಡಿ ತಾಲ್ಲೂಕಿನ ಸಾವಳಗಿಯಿಂದ, ಇನ್ನೊಬ್ಬರು ಬಂದರು. 1912ರಲ್ಲಿ ಹುಟ್ಟಿದ ಬಸಪ್ಪ ದಾನಪ್ಪ ಜತ್ತಿ. ವಕೀಲಿಕೆ ಓದಿ, 1940ರಲ್ಲಿ ಜಮಖಂಡಿ ಪುರಸಭೆಯ ಸದಸ್ಯರಾದರು. ಮುಂದೆ ಜಮಖಂಡಿ ಸಂಸ್ಥಾನದ ದಿವಾನರಾದರು. 1948ರಲ್ಲಿ ಆ ಸಂಸ್ಥಾನ ಮುಂಬೈ ಪ್ರಾಂತ್ಯದಲ್ಲಿ ವಿಲೀನವಾಯಿತು. ದಿವಾನಗಿರಿಯೇ ಇಲ್ಲವಾಯಿತು. ಜತ್ತಿಯವರು ಮತ್ತೆ ಕರಿ ಕೋಟು ತೊಟ್ಟು ಕೋರ್ಟಿಗೆ ಹೋದರು. ನಿನ್ನೆ ಕೈಮುಗಿಯುತ್ತಿದ್ದ ಊರಿನಲ್ಲಿ ಇಂದು ಕಕ್ಷಿದಾರರಿಗಾಗಿ ಕಾಯುವುದು ಸುಲಭದ ಮಾತಲ್ಲ, ಯೋಚಿಸಿ ನೋಡಿ.

1958ರಲ್ಲಿ ಅವರು ಮೈಸೂರು ರಾಜ್ಯದ ಮುಖ್ಯಮಂತ್ರಿಯಾದರು. ಅದಕ್ಕೂ ಮೊದಲೇ ಅವರ ಅಧ್ಯಕ್ಷತೆಯ ಸಮಿತಿ ಗೇಣಿದಾರರ ಸ್ಥಿತಿಯನ್ನು ಪರಿಶೀಲಿಸಿತ್ತು. 1961ರ ಭೂಸುಧಾರಣೆ ಕಾಯ್ದೆಗೆ ದಾರಿಯಾದದ್ದು ಆ ಕೆಲಸ. 1962ರಲ್ಲಿ ಮುಖ್ಯಮಂತ್ರಿ ಪದವಿ ಹೋಯಿತು. ಅದೇ ವರ್ಷ ಇನ್ನೊಬ್ಬರ ಮಂತ್ರಿಮಂಡಲದಲ್ಲಿ ಹಣಕಾಸು ಮಂತ್ರಿಯಾಗಿ ಕೂತರು. ತಾವೇ ಮುಖ್ಯರಾಗಿದ್ದ ಮನೆಯಲ್ಲಿ ಇನ್ನೊಬ್ಬರ ಕೈಕೆಳಗೆ ಕೆಲಸ ಮಾಡಲು ಒಪ್ಪುವ ಮನಸ್ಸು ನಮ್ಮಲ್ಲಿ ಎಷ್ಟು ಜನಕ್ಕಿದೆ?

1974ರಲ್ಲಿ ಅವರು ದೇಶದ ಉಪರಾಷ್ಟ್ರಪತಿಯಾದರು. 1977ರ ಫೆಬ್ರವರಿ 11ರಂದು ರಾಷ್ಟ್ರಪತಿ ಫಕ್ರುದ್ದೀನ್ ಅಲಿ ಅಹಮದ್ ತೀರಿಕೊಂಡರು. ಸಾವಳಗಿಯ ಮಗ ಹಂಗಾಮಿ ರಾಷ್ಟ್ರಪತಿಯಾದರು. ತುರ್ತುಪರಿಸ್ಥಿತಿಯ ಕೊನೆಯ ದಿನಗಳವು. ಚುನಾವಣೆ ನಡೆಯಿತು, ಆಳುವ ಪಕ್ಷ ಸೋತಿತು. ಮಾರ್ಚ್ 24ರಂದು ಮೊರಾರ್ಜಿ ದೇಸಾಯಿಯವರಿಗೆ ಪ್ರಮಾಣವಚನ ಬೋಧಿಸಿದವರು ಜತ್ತಿಯವರು. ಮುಂದೆ ಒಂಬತ್ತು ರಾಜ್ಯಗಳ ವಿಧಾನಸಭೆ ವಿಸರ್ಜಿಸುವ ಸಲಹೆ ಬಂದಾಗ ಅವರು ಕೂಡಲೇ ಸಹಿ ಹಾಕಲಿಲ್ಲ, ಟೀಕೆಯನ್ನೂ ಕೇಳಿದರು. ಕೊನೆಗೆ ಮಂತ್ರಿಮಂಡಲದ ಮಾತಿಗೆ ತಲೆಬಾಗಿ ಸಹಿ ಹಾಕಿದರು. ಸಂವಿಧಾನ ಹಾಕಿದ ಗೆರೆಯೊಳಗೆ ನಿಲ್ಲುವುದೂ ಒಂದು ವ್ರತ. ಜುಲೈ 25ರಂದು ನೀಲಂ ಸಂಜೀವ ರೆಡ್ಡಿಯವರು ರಾಷ್ಟ್ರಪತಿಯಾದರು. ಜತ್ತಿಯವರು ಮತ್ತೆ ಉಪರಾಷ್ಟ್ರಪತಿಯಾಗಿ ಉಳಿದರು.

ಇಷ್ಟೆಲ್ಲ ಪದವಿಗಳು ಬಂದವು, ಹೋದವು. ಅವರ ಹಿಂದೆ ಉಳಿದದ್ದು ಏನು? 1964ರಲ್ಲಿ ಅವರು ಬೆಂಗಳೂರಿನಲ್ಲಿ ಕಟ್ಟಿದ ಬಸವ ಸಮಿತಿ. ಶರಣರ ವಚನಗಳನ್ನು ಭಾರತದ ಹಲವು ಭಾಷೆಗಳಿಗೆ ಮುಟ್ಟಿಸುವ ಕೆಲಸವನ್ನು ಆ ಸಮಿತಿ ಕೈಗೆತ್ತಿಕೊಂಡಿತು. 2002ರಲ್ಲಿ ಜತ್ತಿಯವರು ಲಿಂಗೈಕ್ಯರಾದರು. ಸಮಿತಿ ಇಂದಿಗೂ ನಡೆಯುತ್ತಿದೆ.

ಜತ್ತಿಯವರು ಹಂಗಾಮಿ ರಾಷ್ಟ್ರಪತಿಯಾದ ಅದೇ 1977ರ ಜನವರಿ 20ರಂದು ಅಮೆರಿಕದಲ್ಲಿ ಜಿಮ್ಮಿ ಕಾರ್ಟರ್ ಅಧ್ಯಕ್ಷರಾದರು. ಜಾರ್ಜಿಯಾ ರಾಜ್ಯದ ಪ್ಲೇನ್ಸ್ ಎಂಬ ಸಣ್ಣ ಊರಿನವರು, ಶೇಂಗಾ ಬೆಳೆಯುವ ಮನೆತನ. ನಾಲ್ಕು ವರ್ಷಕ್ಕೆ ಜನ ಅವರನ್ನು ಸೋಲಿಸಿದರು. ಇಡೀ ಜಗತ್ತಿನ ಎದುರು ಸೋತು ಮನೆಗೆ ಬಂದಾಗ ಅವರಿಗೆ 56 ವರ್ಷ. ಅವರು ಹೋದದ್ದು ಅದೇ ಪ್ಲೇನ್ಸ್‌ಗೆ, ಅದೇ ಹಳೆಯ ಮನೆಗೆ. ಭಾನುವಾರ ಊರಿನ ಚರ್ಚಿನಲ್ಲಿ ಧರ್ಮದ ಪಾಠ ಹೇಳಿದರು. ಬಡವರ ಮನೆ ಕಟ್ಟಲು ಕೈಯಲ್ಲಿ ಸುತ್ತಿಗೆ ಹಿಡಿದರು. 2024ರ ಡಿಸೆಂಬರ್ 29ರಂದು, ನೂರು ವರ್ಷ ತುಂಬಿದ ಮೇಲೆ, ಅದೇ ಮನೆಯಲ್ಲಿ ಕಣ್ಣು ಮುಚ್ಚಿದರು.

ಅವರು ಮಾಡಿದ ಒಂದು ಕೆಲಸ ನಮ್ಮ ಹಿರಿಯರಿಗೆ ಬೇಗ ತಿಳಿಯುತ್ತದೆ: ನಾರು ಹುಣ್ಣಿನ ವಿರುದ್ಧದ ಹೋರಾಟ. ಉತ್ತರ ಕರ್ನಾಟಕದ ಮೆಟ್ಟಿಲು ಬಾವಿಗಳ ನೀರು ಕುಡಿದವರು ಆ ನೋವು ಬಲ್ಲರು. ನೀರಿನಲ್ಲಿದ್ದ ಕಣ್ಣಿಗೆ ಕಾಣದ ಮರಿ ಹೊಟ್ಟೆ ಸೇರಿ, ವರ್ಷ ಕಳೆದ ಮೇಲೆ ಕಾಲಿನಿಂದ ದಾರದಂತೆ ಹುಳ ಹೊರಬರುತ್ತಿತ್ತು. ಅದನ್ನು ಕಡ್ಡಿಗೆ ಸುತ್ತಿ ದಿನಾ ಸ್ವಲ್ಪ ಸ್ವಲ್ಪ ಎಳೆಯಬೇಕಿತ್ತು. ಬಿತ್ತುವ ಹೊತ್ತಿಗೆ ಒಕ್ಕಲಿಗ ಹಾಸಿಗೆ ಹಿಡಿಯುತ್ತಿದ್ದ. ನಮ್ಮ ಸರ್ಕಾರ, ನಮ್ಮ ಆರೋಗ್ಯ ಕಾರ್ಯಕರ್ತರು, ನಮ್ಮ ಜನ ದುಡಿದು ಅದನ್ನು ಓಡಿಸಿದರು. 2000ದಲ್ಲಿ ಭಾರತ ಈ ರೋಗದಿಂದ ಮುಕ್ತವೆಂದು ಘೋಷಣೆಯಾಯಿತು. ಆಫ್ರಿಕಾದ ಬಡ ಹಳ್ಳಿಗಳಲ್ಲಿ ಅದೇ ಹುಳದ ಬೆನ್ನು ಬಿದ್ದವರು ಕಾರ್ಟರ್. 1986ರಲ್ಲಿ ಜಗತ್ತಿನಲ್ಲಿ ಸುಮಾರು 35 ಲಕ್ಷ ಜನರಿಗೆ ಈ ರೋಗವಿತ್ತು. ಇದಕ್ಕೆ ಲಸಿಕೆಯಿಲ್ಲ, ಔಷಧಿಯಿಲ್ಲ. ನೀರನ್ನು ಬಟ್ಟೆಯಲ್ಲಿ ಸೋಸಿ ಕುಡಿಯಿರಿ, ಹುಣ್ಣಿನ ಕಾಲನ್ನು ಕುಡಿಯುವ ನೀರಿಗೆ ಇಳಿಸಬೇಡಿ ಎಂದು ಊರೂರಿಗೆ ಹೋಗಿ ಹೇಳಬೇಕು, ಅದೇ ಮುಖ್ಯ ದಾರಿ. ಅವರ ಸಂಸ್ಥೆ ಹಲವರನ್ನು ಜೊತೆಗೂಡಿಸಿ ದಶಕಗಳ ಕಾಲ ಹೇಳುತ್ತ ನಡೆಯಿತು. 2024ರಲ್ಲಿ ಇಡೀ ಜಗತ್ತಿನಲ್ಲಿ ಸಿಕ್ಕ ರೋಗಿಗಳು 15 ಮಂದಿ.

ಕಾರ್ಟರ್ ಪದವಿಯಲ್ಲಿದ್ದದ್ದು ನಾಲ್ಕು ವರ್ಷ, ಪದವಿಯಿಲ್ಲದೆ ದುಡಿದದ್ದು ನಾಲ್ಕು ದಶಕ. ಬಸವಣ್ಣನವರ ಹೆಸರು ಅವರು ಕೇಳಿದ್ದರೋ ಇಲ್ಲವೋ, ದಾಸೋಹದ ದಾರಿಯಲ್ಲೇ ನಡೆದರು.

ಅದೇ ಅಮೆರಿಕದ ಮೊದಲ ಅಧ್ಯಕ್ಷ ಜಾರ್ಜ್ ವಾಷಿಂಗ್ಟನ್ 1797ರಲ್ಲಿ, ಎರಡು ಅವಧಿ ಮುಗಿಸಿ ತಾವಾಗಿಯೇ ತೋಟಕ್ಕೆ ಮರಳಿದರು. ಆ ನಡೆ ಬಹುಕಾಲ ಪದ್ಧತಿಯಾಗಿ ನಿಂತಿತು. 1951ರಲ್ಲಿ ಎರಡು ಸಲಕ್ಕಿಂತ ಹೆಚ್ಚು ಆಯ್ಕೆಯಾಗಬಾರದೆಂದು ಸಂವಿಧಾನದಲ್ಲೇ ಬರೆದುಕೊಂಡರು. ಆದರೆ ವಾಷಿಂಗ್ಟನ್ ಮರಳಿದ ತೋಟದಲ್ಲಿ ದುಡಿಯುತ್ತಿದ್ದವರು ಗುಲಾಮರು. ಮನುಷ್ಯರೆಲ್ಲ ಸಮಾನರೆಂದು ನಂಬಿದ ನಾವು ಇದನ್ನು ಮುಚ್ಚಿಡಬಾರದು. ದೊಡ್ಡವರಲ್ಲಿ ಒಳ್ಳೆಯದನ್ನು ಕಲಿಯೋಣ, ಅವರನ್ನು ದೇವರು ಮಾಡುವುದು ಬೇಡ.

ಈಗ ನಮ್ಮ ಮಾತು. ನಮ್ಮಲ್ಲಿ ರಾಷ್ಟ್ರಪತಿಗಳಿಲ್ಲ. ಗ್ರಾಮ ಪಂಚಾಯಿತಿ ಸದಸ್ಯರಿದ್ದೀರಿ, ಸಹಕಾರ ಸಂಘದ ನಿರ್ದೇಶಕರಿದ್ದೀರಿ, ಸ್ತ್ರೀಶಕ್ತಿ ಸಂಘದ ಅಧ್ಯಕ್ಷರಾದ ತಾಯಂದಿರಿದ್ದೀರಿ, ಗುಡಿ ಕಮಿಟಿಯವರಿದ್ದೀರಿ. ಎಲ್ಲರ ಕೈಯಲ್ಲೂ ಒಂದಿಷ್ಟು ಅಧಿಕಾರವಿದೆ. ಅಧಿಕಾರವೆಂದರೆ ನಮ್ಮ ಬಸವಸಾಗರದ ನೀರು. ತಡೆದು ನಿಲ್ಲಿಸಿದ್ದು ಬಿಡುವುದಕ್ಕಾಗಿ. ಎಡದಂಡೆ ಕಾಲುವೆಯ ಆರಂಭದಲ್ಲಿ ಹೊಲವಿರುವವರು ಬೇಕಾದಷ್ಟು ನೀರು ಎಳೆದುಕೊಂಡು ಭತ್ತ ಹಚ್ಚಿದರೆ, ಕೊನೆ ಭಾಗದ ಶಹಾಪುರ, ಜೇವರ್ಗಿ ಕಡೆಯ ರೈತನ ಹತ್ತಿ, ಮೆಣಸಿನಕಾಯಿ ಒಣಗುತ್ತವೆ. ಕಾಲುವೆ ಚೆನ್ನಾಗಿದೆಯೇ ಎಂದು ತಿಳಿಯಬೇಕಾದರೆ ಆ ಕೊನೆಯ ಹೊಲಕ್ಕೆ ಹೋಗಿ ನೋಡಬೇಕು. ಈ ನೀರಿಗಾಗಿ ಮನೆ, ಹೊಲ, ಊರ ಗುಡಿ ಮುಳುಗಿಸಿಕೊಂಡು ಎದ್ದು ಹೋದ ಜನರಿದ್ದಾರೆ. ಅವರ ಋಣ ನಮ್ಮ ಮೇಲಿದೆ. ಅದನ್ನು ಮರೆತು ನೀರು ಕದಿಯುವುದು ಪಾಪ.

ಆದ್ದರಿಂದ ಕೇಳಿಕೊಳ್ಳುತ್ತೇನೆ. ಯಾವ ಪದವಿ ಹಿಡಿದರೂ ಮೊದಲ ದಿನವೇ ಕೇಳಿಕೊಳ್ಳಿ: ನನ್ನ ಕಾಲುವೆಯ ಕೊನೆಯಲ್ಲಿ ಇರುವವರು ಯಾರು? ವಿಧವೆಯ ಪಿಂಚಣಿ, ಕೂಲಿಯವನ ಉದ್ಯೋಗ ಖಾತ್ರಿ ಹಣ, ಹಟ್ಟಿಯ ನಳದ ನೀರು ಮುಟ್ಟಿದವೇ? ಅವಧಿ ಮುಗಿದಾಗ ಲೆಕ್ಕದ ಪುಸ್ತಕವನ್ನು ಊರ ಮುಂದೆ ಬಿಚ್ಚಿಟ್ಟು, ಮುಂದೆ ಬಂದವರಿಗೆ ಕೈಮುಗಿದು ಒಪ್ಪಿಸಿ. ಸೋತರೆ ಮನೆ ಸೇರಿ ಮುಖ ಮುಚ್ಚಿಕೊಳ್ಳಬೇಡಿ, ಗೆದ್ದವರ ಕಾಲೆಳೆಯುತ್ತ ಕೂಡಬೇಡಿ. ಶಾಲೆಯ ಮಕ್ಕಳಿಗೆ ಪಾಠ ಹೇಳಿ, ಊರ ಕೆರೆಯ ಹೂಳು ತೆಗೆಯಿರಿ, ಅಜ್ಜ ಅಜ್ಜಿಯರನ್ನು ದವಾಖಾನೆಗೆ ಕರೆದೊಯ್ಯಿರಿ. ಇವಕ್ಕೆ ಯಾರ ಮತವೂ ಬೇಕಿಲ್ಲ.

ಜನ ಕೊಟ್ಟ ಪದವಿಯನ್ನು ಜನ ಹಿಂದಕ್ಕೆ ಪಡೆಯುತ್ತಾರೆ. ಕಾಯಕವನ್ನು ಯಾರೂ ಕಸಿದುಕೊಳ್ಳಲಾರರು. ಅದನ್ನು ಇಂದೇ ಹಿಡಿಯುವ ಸಂಕಲ್ಪ ಮಾಡಿ ಇಲ್ಲಿಂದ ಏಳೋಣ.