ದಂಡದ ಅಳತೆ

ಶಿಕ್ಷೆ ತಪ್ಪಿಗೆ ತಕ್ಕಷ್ಟೇ ಇರಬೇಕೆಂಬ ಮಾತನ್ನು ಒಪ್ಪದವರಿಲ್ಲ. ತೊಡಕಿರುವುದು ತಪ್ಪನ್ನು ಅಳೆಯುವ ಬಗೆಯಲ್ಲಿ. ಹಣದ ವ್ಯವಹಾರದಲ್ಲಿ ಮೊತ್ತವೇ ಅಳತೆ ಎಂದು ನಾನು ಬಹುಕಾಲ ತಿಳಿದಿದ್ದೆ. ಗದಗ ಸೀಮೆಯ ಸೊರಟೂರಿನ ಗುಮಾಸ್ತರೊಬ್ಬರ ಪ್ರಕರಣ ಆ ತಿಳಿವಳಿಕೆಯನ್ನು ಅಲುಗಿಸಿತು.

ಅವರು ದುಡಿಯುತ್ತಿದ್ದ ಸಂಸ್ಥೆಯ ಹೆಸರು ಇಲ್ಲಿ ಬೇಡ. ವಸೂಲಿಯ ಹಣವನ್ನು ಅಂದಂದೇ ಕಟ್ಟದೆ, ಮುಂಗಾರಿನ ಹೆಸರು ಬಿತ್ತನೆಗೆ ಬಳಸಿಕೊಂಡು, ಕೆಲವು ವಾರಗಳ ಮೇಲೆ ಪೂರ್ತಿ ಜಮಾ ಮಾಡಿದ್ದರು. ಹೊರಗಿನ ಸದಸ್ಯನಾಗಿ ವಿಚಾರಣೆಗೆ ಕುಳಿತ ನನ್ನ ಮುಂದೆ ವಜಾ ಆದೇಶದ ಕರಡು ಆಗಲೇ ಸಿದ್ಧವಾಗಿತ್ತು. ಅವರು ಕನಿಕರ ಬೇಡಲಿಲ್ಲ. “ತಪ್ಪ ಮಾಡೇನ್ರಿ, ಶಿಕ್ಷಾ ಕೊಡ್ರಿ. ಆದ್ರ ದಿನಾ ಪುಸ್ತಕಕ್ಕ ಸಹಿ ಹಾಕಿದವ್ರು ಒಳಗ ಏನೈತಿ ಅಂತ ನೋಡಿದ್ರೇನ್ರಿ?” ಎಂದಷ್ಟೇ ಕೇಳಿದರು.

ಸಂಸ್ಥೆಗೆ ನಷ್ಟವೇ ಆಗದಿರುವಾಗ ವಜಾ ಏಕೆ ಎಂಬುದು ನನ್ನ ಮೊದಲ ಆಲೋಚನೆ. ಕಾನೂನು ಅಷ್ಟು ಸುಲಭಕ್ಕೆ ಒಪ್ಪುವುದಿಲ್ಲ. ಗದಗ ಸೀಮೆಯಲ್ಲಿ ಬಸ್ಸು ಓಡಿಸುವ ವಾಯವ್ಯ ಸಾರಿಗೆ ನಿಗಮದ ನಿರ್ವಾಹಕರೊಬ್ಬರ ಬಳಿ ಟಿಕೆಟ್ ಲೆಕ್ಕಕ್ಕಿಂತ 93 ರೂಪಾಯಿ ಹೆಚ್ಚು ಸಿಕ್ಕಿತ್ತು. 2004ರಲ್ಲಿ ಸುಪ್ರೀಂ ಕೋರ್ಟ್ ಅವರ ವಜಾವನ್ನು ಎತ್ತಿಹಿಡಿಯಿತು. ಎಷ್ಟು ಹಣ ಎಂಬುದಲ್ಲ, ವಿಶ್ವಾಸ ಹೋಯಿತು ಎಂಬುದೇ ಮುಖ್ಯ ಎಂದು ಅದು ಹೇಳಿತು. ಓದಿದಾಗ ಕಠೋರವೆನಿಸಿತು. ಆದರೂ ಆ ಮಾತಿನಲ್ಲಿ ಹುರುಳಿದೆ. ಹಳ್ಳಿಯಿಂದ ಹಳ್ಳಿಗೆ ಸಾಗುವ ಬಸ್ಸಿನಲ್ಲಿ ನಿಗಮಕ್ಕೆ ನಿರ್ವಾಹಕನ ಪ್ರಾಮಾಣಿಕತೆಯ ಹೊರತು ದಿನನಿತ್ಯದ ಬೇರೆ ಕಾವಲಿಲ್ಲ.

ಸರಿ, ಅಳತೆ ವಿಶ್ವಾಸವೇ ಆಗಲಿ. ಆದರೆ ವಿಶ್ವಾಸ ಒಂದು ಕೃತ್ಯದಿಂದ ಮುರಿಯುವುದಾದರೂ ಬೆಳೆಯುವುದು ವರ್ಷಗಳ ದುಡಿಮೆಯಿಂದ. ಮುರಿದ ದಿನವನ್ನು ಲೆಕ್ಕಕ್ಕೆ ಹಿಡಿದು, ಬೆಳೆದ ವರ್ಷಗಳನ್ನು ಬಿಟ್ಟರೆ ಅದು ಎಂಥ ಲೆಕ್ಕ? 1971ರ ತಿದ್ದುಪಡಿಯಿಂದ ಕೈಗಾರಿಕಾ ವಿವಾದ ಕಾಯ್ದೆಗೆ 11ಎ ಕಲಂ ಸೇರಿದ್ದು ಇಂಥ ಪ್ರಶ್ನೆಗೆ ಎಡೆ ಕೊಡಲೆಂದೇ: ತಪ್ಪು ರುಜುವಾತಾದರೂ ವಜಾ ಅತಿಯೆನಿಸಿದರೆ ಕಾರ್ಮಿಕ ನ್ಯಾಯಾಲಯ ಶಿಕ್ಷೆಯನ್ನು ಇಳಿಸಬಹುದಾಯಿತು. ಊಟ ಮಾಡೆಂಬ ಆದೇಶವನ್ನು ಪಾಲಿಸದ ಸೈನಿಕನೊಬ್ಬನಿಗೆ ಒಂದು ವರ್ಷದ ಸೆರೆವಾಸ ವಿಧಿಸಿ, ಸೇವೆಯಿಂದ ವಜಾ ಮಾಡಿದ್ದನ್ನು 1987ರಲ್ಲಿ ಸುಪ್ರೀಂ ಕೋರ್ಟೇ ರದ್ದುಗೊಳಿಸಿತು. ನಮ್ಮ ರಾಜ್ಯ ಸರ್ಕಾರಿ ನೌಕರರ 1957ರ ನಿಯಮಗಳಲ್ಲೂ ವಾಗ್ದಂಡನೆಗೂ ವಜಾಕ್ಕೂ ನಡುವೆ ಹಲವು ಶಿಕ್ಷೆಗಳಿವೆ. ಅವುಗಳನ್ನು ದಾಟಿ ನೇರವಾಗಿ ಕೊನೆಯದಕ್ಕೆ ಕೈಹಾಕುವವರು ಕಾರಣ ಹೇಳಬೇಕು.

ಇದು ಹೊಸ ವಿವೇಕವೂ ಅಲ್ಲ. ಕಲ್ಯಾಣದ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ವಿಜ್ಞಾನೇಶ್ವರ ‘ಮಿತಾಕ್ಷರಾ’ ವ್ಯಾಖ್ಯಾನ ಬರೆದ ಯಾಜ್ಞವಲ್ಕ್ಯ ಸ್ಮೃತಿ, ಅಪರಾಧದ ಜೊತೆಗೆ ದೇಶ, ಕಾಲ, ಬಲ, ವಯಸ್ಸು, ಕೆಲಸ, ಸಂಪತ್ತುಗಳನ್ನೂ ಅರಿತೇ ದಂಡ ವಿಧಿಸಬೇಕೆನ್ನುತ್ತದೆ. ಅದೇ ಸ್ಮೃತಿ ವರ್ಣ ನೋಡಿ ದಂಡವನ್ನು ಏರಿಳಿಸುತ್ತದೆ ಎಂಬುದನ್ನು ಮರೆಯುವಂತಿಲ್ಲ. ಗುಮಾಸ್ತರ ಪ್ರಶ್ನೆ ನನಗೆ ಪೂರ್ತಿ ಅರ್ಥವಾದದ್ದು ಇಲ್ಲಿಯೇ. ಕಚೇರಿಗಳಲ್ಲಿ ವರ್ಣದ ಜಾಗದಲ್ಲಿ ಹುದ್ದೆ ಕುಳಿತಿದೆ. ಕೆಳಗಿನವನ ಲೋಪಕ್ಕೆ ‘ದುರ್ನಡತೆ’ ಎಂಬ ಹೆಸರಾದರೆ ಮೇಲಿನವನ ಲೋಪ ‘ಕಾರ್ಯದೊತ್ತಡ’ವಾಗುತ್ತದೆ. ತಪ್ಪನ್ನೂ ಶಿಕ್ಷೆಯನ್ನೂ ಎದುರುಬದುರು ಇಟ್ಟು ತೂಗಿದರಷ್ಟೇ ಸಾಲದು. ಒಬ್ಬನ ಶಿಕ್ಷೆಯನ್ನು ಇನ್ನೊಬ್ಬನ ವಿನಾಯಿತಿಯ ಪಕ್ಕದಲ್ಲಿಟ್ಟೂ ನೋಡಬೇಕು.

ವೇತನ ಬಡ್ತಿ ತಡೆಹಿಡಿದು, ಹಣದ ಹೊಣೆಯಿಂದ ಬಿಡಿಸಿ, ನೌಕರಿಯಲ್ಲಿ ಉಳಿಸಿಕೊಳ್ಳಬೇಕೆಂದು ನಾನು ಬರೆದೆ. ಸಹಿ ಹಾಕಿದವರಿಂದಲೂ ವಿವರಣೆ ಕೇಳಬೇಕೆಂದು ಸೇರಿಸಿದೆ. ಮೊದಲನೆಯದು ಅಂಗೀಕಾರವಾಯಿತು, ಎರಡನೆಯದು ಆಗಲಿಲ್ಲ. ಇಂಥ ಸಮಿತಿಗಳಲ್ಲಿ ಕೂರುವವರಲ್ಲಿ ನನ್ನದೊಂದು ಕೋರಿಕೆ: ವಜಾ ಕರಡಿಗೆ ಸಹಿ ಮಾಡುವ ಮುನ್ನ ನೌಕರನ ಸೇವಾ ವಹಿಯನ್ನು ತರಿಸಿ ನೋಡಿ, ಮೇಲಧಿಕಾರಿ ಮಾಡಿದ ತಪಾಸಣೆಯ ದಾಖಲೆಯನ್ನೂ ಅದರ ಜೊತೆಗೇ ತರಿಸಿಕೊಳ್ಳಿ.