ನುಡಿಗೂ ಪಾಪ ಅಂಟುವುದೇ?

ತಪ್ಪು ಮಾಡಿದವರು ಆಡುವ ಭಾಷೆಯೂ ತಪ್ಪಿಗೆ ಹೊಣೆಯೇ? ನನ್ನನ್ನು ಹೀಗೆ ಕೇಳಿದ್ದು ಒಂದು ಕಲ್ಪಿತ ಭಾಷೆ ಎಂದರೆ ನಿಮಗೆ ನಗು ಬಂದೀತು.

ಆಕ್ಸ್‌ಫರ್ಡಿನ ಪ್ರಾಧ್ಯಾಪಕ ಟೋಲ್ಕಿನ್ (1892–1973) ತಮ್ಮ ಕಥೆಗಳ ಎಲ್ಫ್ ಎಂಬ ಮುಪ್ಪಿಲ್ಲದ ಜನಕ್ಕಾಗಿ ಭಾಷೆಗಳನ್ನೇ ಕಟ್ಟಿದರು. ಫಿನ್ನಿಷ್ ನುಡಿಯ ಇಂಪಿಗೆ ಮನಸೋತು ಕ್ವೆನ್ಯಾ, ವೆಲ್ಷ್ ನುಡಿಗೆ ಸೋತು ಸಿಂಡರಿನ್. ಎರಡಕ್ಕೂ ಮೂಲ ಒಂದೇ, ಅಕ್ಕತಂಗಿಯರ ಹಾಗೆ.

1977ರಲ್ಲಿ ಹೊರಬಂದ ಅವರ ‘ಸಿಲ್ಮರಿಲಿಯನ್’ನಲ್ಲಿ ಕ್ವೆನ್ಯಾ ಆಡುವವರು ಹಡಗುಗಳ ಆಸೆಗೆ ಸ್ವಂತ ಕುಲದವರನ್ನೇ ಕೊಲ್ಲುತ್ತಾರೆ. ಸತ್ತವರು ರಾಜ ಥಿಂಗೋಲನ ತಮ್ಮನ ಪ್ರಜೆಗಳು. ಆ ನುಡಿ ಇನ್ನು ನನ್ನ ರಾಜ್ಯದಲ್ಲಿ ಕೇಳಿಬರಕೂಡದು ಎಂದು ಅವನು ಆಜ್ಞೆ ಮಾಡುತ್ತಾನೆ. ಕೊಲೆಗೆ ಕೈ ಹಾಕದವರೂ ದಿನದ ಮಾತಿಗೆ ಸಿಂಡರಿನ್ ಹಿಡಿಯಬೇಕಾಗುತ್ತದೆ. ಕ್ವೆನ್ಯಾ ಪಂಡಿತರ ಪಾಲಿಗೆ, ದೊರೆಮನೆಗಳ ಪಾಲಿಗೆ ಉಳಿಯುತ್ತದೆ.

ಅವನ ಸಂಕಟ ನನಗೆ ಅರ್ಥವಾಗುತ್ತದೆ. ತಮ್ಮವರನ್ನು ಕೊಂದವರ ಮಾತು ಕಿವಿಗೆ ಬಿದ್ದರೆ ಯಾರಿಗೆ ತಾನೇ ಉರಿಯುವುದಿಲ್ಲ? ಆದರೆ ಅದೇ ನುಡಿಯಲ್ಲಿ ಜೋಗುಳವೂ ಇರುತ್ತದಲ್ಲ! ಆಜ್ಞೆ ಅದನ್ನೂ ಕಿತ್ತುಕೊಳ್ಳುತ್ತದೆ.

ಇದು ಬರೀ ಕಥೆಯಲ್ಲ. ಟೋಲ್ಕಿನ್ ಮೆಚ್ಚಿದ ಆ ವೆಲ್ಷ್ ನುಡಿಯನ್ನೇ ನೋಡಿ. 19ನೆಯ ಶತಮಾನದಲ್ಲಿ ವೇಲ್ಸಿನ ಎಷ್ಟೋ ಶಾಲೆಗಳಲ್ಲಿ ಅದನ್ನು ಆಡಿದ ಮಗುವಿನ ಕೊರಳಿಗೆ ಮರದ ತುಂಡು ನೇತುಹಾಕುತ್ತಿದ್ದರು. ಆ ಮಗು ಯಾರನ್ನೂ ಕೊಂದಿರಲಿಲ್ಲ. ಮನೆಯಲ್ಲಿ ಕಲಿತ ಮಾತನ್ನು ಆಡಿತ್ತು, ಅಷ್ಟೆ.

ಕೊಂದವರಿಗೆ ಶಿಕ್ಷೆಯಾಗಲಿ, ಬೇಡವೆನ್ನುವವರಾರು? ಅವರ ಭಾಷೆಯನ್ನು ಶಿಕ್ಷಿಸ ಹೊರಟರೆ ಮಾತ್ರ ಪೆಟ್ಟು ಬೀಳುವುದು ಆಗತಾನೇ ಮಾತು ಕಲಿಯುತ್ತಿರುವ ಮಕ್ಕಳಿಗೆ.