ಅರ್ಧದಲ್ಲಿ ಅರ್ಧ

ಮೊನ್ನೆ ಮೊಮ್ಮಗಳು ಲೆಕ್ಕದ ಪುಸ್ತಕ ಹಿಡಿದು ಅಡುಗೆಮನೆಗೆ ಬಂದಳು. “ಅರ್ಧ ಹೋಳಿಗೆ ಉಳಿದಿದೆ. ಅದರಲ್ಲಿ ಅರ್ಧ ರಾಧೆ ತಿಂದರೆ ಎಷ್ಟು?” ಕಾಲು ಎಂದೆ. “ಗುಣಿಸಿದರೆ ಹೆಚ್ಚಾಗಬೇಕಲ್ಲ ಅಜ್ಜಿ, ಕಡಿಮೆ ಯಾಕಾಯ್ತು?”

“ಅದು ಅರ್ಧದ ಅರ್ಧ ಪುಟ್ಟೀ” ಎನ್ನುವಾಗ ನನಗೆ ಬೇರೊಂದು ಲೆಕ್ಕ ನೆನಪಾಯಿತು. 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯಂತೆ, ತಾಯಿಯಿಲ್ಲದ ಮನೆಯಲ್ಲಿ ಒಬ್ಬ ಮಗ, ಒಬ್ಬ ಮಗಳನ್ನು ಬಿಟ್ಟು ತಂದೆ ಉಯಿಲಿಲ್ಲದೆ ತೀರಿಕೊಂಡರೆ, ಪಿತ್ರಾರ್ಜಿತದ ಅರ್ಧ ಮೊದಲೇ ಮಗನದು. ತಂದೆಯ ಅರ್ಧದಲ್ಲಿ ಮತ್ತೆ ಇಬ್ಬರಿಗೂ ಸಮಪಾಲು. ಅವನಿಗೆ ಮುಕ್ಕಾಲು, ಅವಳಿಗೆ ಕಾಲು. ಗುಣಾಕಾರ ತಪ್ಪಿರಲಿಲ್ಲ, ಅವಳ ಲೆಕ್ಕ ಶುರುವಾಗುತ್ತಿದ್ದುದೇ ಅರ್ಧ ಹೋಳಿಗೆಯಿಂದ.

ಕರ್ನಾಟಕದಲ್ಲಿ 1994ರಲ್ಲಿ, ಅಲ್ಲಿಯವರೆಗೆ ಮದುವೆಯಾಗಿರದ ಹೆಣ್ಣುಮಕ್ಕಳಿಗೆ ಸಮಪಾಲು ಬಂತು. 2005ರಲ್ಲಿ ಕೇಂದ್ರದ ತಿದ್ದುಪಡಿ ಮದುವೆಯಾದವರಿಗೂ ಅದನ್ನು ಕೊಟ್ಟಿತು. ಆಮೇಲೂ ನಾನು, ತವರಿನ ಬಾಗಿಲು ಮುಚ್ಚಬಾರದೆಂದು, ಅಣ್ಣನಿಗೆ ಹಕ್ಕು ಖುಲಾಸೆ ಬರೆದುಕೊಟ್ಟೆ. ದೊಡ್ಡ ಮನಸ್ಸು ಎಂದರು ಎಲ್ಲರೂ. ನನ್ನದೆಂದು ತಿಳಿದು ಕೊಟ್ಟರೆ ಅದು ದಾನ. ಹೆದರಿ ಬಿಟ್ಟರೆ ಅದಕ್ಕೇನು ಹೆಸರು? ಆ ದಿನ ಕೊಟ್ಟೆನೋ, ಬಿಟ್ಟೆನೋ, ಇಂದಿಗೂ ಹೇಳಲಾರೆ.

“ಅಜ್ಜಿ, ಮೊದಲಿನ ಅರ್ಧ ಯಾರು ತಿಂದರು?”

“ಅದನ್ನು ಮೊದಲೇ ಕೇಳಬೇಕಿತ್ತು ಕಣೇ” ಎಂದೆ.